ಅಳಿಸಬಾರದ ವಿಡಿಯೊ

ಆ ವೆಬ್ ಸೀರೀಸನ್ನು ಮುರಳಿ ಕಲ್ಯಾಣದುರ್ಗದಲ್ಲಿ, ನಾನು ಹಿಂದೂಪುರದಲ್ಲಿ, ನಮ್ಮ ನಮ್ಮ ಮನೆಯ ಟಿವಿಯಲ್ಲಿ ನೋಡಿದ್ದೆವು. ಕೊನೆಯ ಎಪಿಸೋಡನ್ನು ಮಾತ್ರ ಜೊತೆಯಲ್ಲೇ ನೋಡುವುದೆಂದು ಮಾತಾಗಿತ್ತು. ಅದಕ್ಕೇ ಅವನು ಬಸ್ಸು ಹತ್ತಿ ಬಂದಿದ್ದ.

ನನ್ನ ಫೋನಿನ ಗಾಜು ಒಡೆದಿತ್ತು. ಟೀ ಅಂಗಡಿಯಲ್ಲಿ ಒಂದೇ ಇಯರ್‌ಫೋನನ್ನು ಹಂಚಿಕೊಂಡು ಕೂತು, ಅವನ ಫೋನಿಗೆ ಆ್ಯಪ್ ಇಳಿಸತೊಡಗಿದೆವು. ಅರ್ಧಕ್ಕೆ ನಿಂತಿತು. ಜಾಗ ಸಾಲದಂತೆ.

"ಕೊಡಿಲ್ಲಿ, ಬೇಡದ್ದು ತೆಗೀತೀನಿ," ಎಂದೆ. ರೇಷ್ಮೆಗೂಡು ಪರೀಕ್ಷಿಸುವವಳು ನಾನು. ಕೆಟ್ಟದ್ದನ್ನು ಆರಿಸಿ ತೆಗೆಯುವುದು ನನ್ನ ದಿನದ ಕೆಲಸ. ದೊಡ್ಡ ಫೈಲುಗಳಿಂದ ಶುರುಮಾಡಿದೆ.

ಎಲ್ಲಕ್ಕಿಂತ ದೊಡ್ಡ ವಿಡಿಯೊದಲ್ಲಿ ಒಬ್ಬಳು ಕನಕಾಂಬರ ಮುಡಿದು, ಚಿತ್ರ ತೆಗೆಯುವವನತ್ತ ನೋಡಿ ನಗುತ್ತಿದ್ದಳು.

"ಅದೊಂದು ಅಳಿಸಬ್ಯಾಡ ಕಣೆ."

"ಯಾರಿದು?"

"ಹರಿತಾ."

ಹರಿತಾ ಅವನ ಸೋದರಮಾವ ಕೊಂಡಪ್ಪನ ಮಗಳು. ಅವರ ಮನೆತನದಲ್ಲಿ ಗಂಡಿನ ಮೇಲೆ ಸೋದರಮಾವನ ಮಗಳಿಗೇ ಮೊದಲ ಹಕ್ಕು. ಮಾವ ವೀಳ್ಯ ಹಿಡಿದು ಒಪ್ಪಿದರಷ್ಟೇ ಹೊರಗಿನ ಹೆಣ್ಣು. ಆ ಹೊರಗಿನ ಹೆಣ್ಣು ನಾನು. ಮಾವನನ್ನು ಕೇಳುತ್ತೇನೆಂದು ಮುರಳಿ ಹೇಳುತ್ತಲೇ ಇದ್ದ.

ಇಯರ್‌ಫೋನನ್ನು ಕಿವಿಯಿಂದ ತೆಗೆದಿಟ್ಟೆ.

"ಹೂವು ಚೆನ್ನಾಗೈತೆ. ನೀನೇ ತಂದ್ಕೊಟ್ಟಿದ್ದಾ?"

"ಅತ್ತೆ ಕಟ್ಟಿದ್ದು."

"ಯಾರು ಕಟ್ಟಿದ್ರು ಅಂತಾನೂ ಗೊತ್ತು ನಿಂಗೆ."

ಅವನು ಟೀ ಲೋಟದೊಳಕ್ಕೆ ನಕ್ಕ. ನನಗೆ ಮೈಯೆಲ್ಲ ಉರಿಯಿತು.

"ಎಪಿಸೋಡ್ ಮುಗಿದ್ ಮ್ಯಾಲೆ ತೋರ್ಸಾನ ಅಂತಿದ್ದೆ. ನೀನು ಬಿಡೋಳಲ್ಲ. ನೋಡು."

ವಿಡಿಯೊದಲ್ಲಿ ಕೊಂಡಪ್ಪನ ಮನೆಯ ಜಗುಲಿ. ಮುರಳಿಯ ತಾಯಿ ಗಂಗುಲಮ್ಮ ವೀಳ್ಯದ ತಟ್ಟೆ ಚಾಚಿದ್ದಾರೆ. ಕೊಂಡಪ್ಪ ಕೈ ಮುಂದಿಡದೆ ಮಗಳ ಮುಖ ನೋಡುತ್ತಾನೆ. ಹರಿತಾ ತಾನೇ ಎಲೆ ಎತ್ತಿ ಅಪ್ಪನ ಅಂಗೈಗಿಟ್ಟು, ಕ್ಯಾಮೆರಾದತ್ತ ತಿರುಗಿ ನನ್ನ ಹೆಸರು ಹಿಡಿದು ಮಾತಾಡುತ್ತಾಳೆ.

"ತೀಸ್ಕೋ, ತಗೋ ಶಿರೀಷಕ್ಕ, ನಮ್ ಬಾವನ್ನ ನಿಂಗೇ ಬಿಟ್ಟೀನಿ. ಊಟಕ್ಕೆ ಕರೆದ್ರೆ ಒಂದೇ ಸಲಕ್ಕೆ ಬರಾಕಿಲ್ಲ, ನೋಡ್ಕೊ. ವಾಪಸ್ ಮಾತ್ರ ತಗಳಾಕಿಲ್ಲ."

ನನಗೆ ತಲೆ ಎತ್ತಲಾಗಲಿಲ್ಲ.

"ಶುಕ್ರವಾರ ಅಮ್ಮ ನಿಮ್ಮನೆಗೆ ಬತ್ತೀನಿ ಅಂತಾಳೆ," ಎಂದ ಮುರಳಿ. "ಏನು ಹೇಳ್ಲಿ?"

"ಬರ್ಲಿ," ಎಂದೆ.

ವಿಡಿಯೊವನ್ನು ಮತ್ತೆ ನೋಡಿದೆ. ವಿಷಯ ಗೊತ್ತಾದ ಮೇಲೂ ಆ ನಗು ಅಷ್ಟೇ ಚೆಂದವಿತ್ತು.

"ಚೆಲುವೆ ಕಣೋ ಅವಳು."

"ಹೂಂ."

"ಹೂಂ ಅಂತೀಯಾ?"

ವಿಡಿಯೊವನ್ನು ನನ್ನ ಒಡೆದ ಫೋನಿಗೆ ಕಳಿಸಿಕೊಂಡೆ. ಪೂರ್ತಿ ಬಂದಿದೆಯೇ ಎಂದು ತೆರೆದು ನೋಡಿ, ಅವನ ಫೋನಿನಿಂದ ಅಳಿಸಿಬಿಟ್ಟೆ.

"ಅದ್ಯಾಕೆ ಅಳಿಸ್ದೆ?"

"ಜಾಗ ಬೇಕಿತ್ತು."

ಆ್ಯಪ್ ಇಳಿಯತೊಡಗಿತು. ಇಯರ್‌ಫೋನಿನ ಒಂದು ತುದಿಯನ್ನು ಅವನ ಕಿವಿಗೆ ನಾನೇ ಇಟ್ಟೆ.