ತಬಲಾ ನಿಂತ ಗಳಿಗೆ

ಎಡಗಾಲು ತಡವಾಗುತ್ತದೆ... ಬಲಗಾಲಿಗಿಂತ ಕೂದಲೆಳೆಯಷ್ಟೇ. ಆದರೂ ತಡವೇ.

ಲಾಲಮ್ಮ ಇದನ್ನು ಯಾರಿಗೂ ಹೇಳಿರಲಿಲ್ಲ. ಅಮರಪ್ಪನ ತಬಲಾ ಜೋರಾಗಿ ನುಡಿಯುತ್ತಿರುವವರೆಗೆ ಆ ತಪ್ಪು ಯಾರ ಕಿವಿಗೂ ಬೀಳದು ಎಂದು ನಂಬಿದ್ದಳು.

ಬೋನಾಳದ ಹುಡುಗಿ ಅವಳು. ತಾಯಿ ಹೈದರಾಬಾದಿನಲ್ಲಿ ಅಡುಗೆಗಿದ್ದುದು ಸ್ಪೇನ್ ದೇಶದ ನರ್ತಕಿ ರೋಸಾಬಾಯಿಯ ಮನೆಯಲ್ಲಿ. ಅಡುಗೆಮನೆಯ ಬಾಗಿಲಲ್ಲಿ ನಿಂತು ನೋಡುತ್ತ ನೋಡುತ್ತಲೇ ಲಾಲಮ್ಮ, ಗಿಟಾರಿನ ಜೊತೆ ಬೂಟುಗಾಲಿನ ಸದ್ದಿನಲ್ಲೇ ತಾಳ ಹಾಕುವ ಆ ದೇಶದ ಕುಣಿತ ಫ್ಲಾಮೆಂಕೋ ಕಲಿತಳು. ತನ್ನ ದೇಶಕ್ಕೆ ಮರಳುವಾಗ ರೋಸಾಬಾಯಿ ತನ್ನ ಬೂಟುಗಳನ್ನೂ ಕುಣಿಯುವ ತೇಗದ ಹಲಗೆಯನ್ನೂ ಇವಳಿಗೇ ಕೊಟ್ಟಳು.

ಆಮೇಲೆ ಹೈದರಾಬಾದು, ಕಲಬುರ್ಗಿ, ಸೊಲ್ಲಾಪುರ... ನಾಲ್ಕು ಮಾತಾಡಲು ನಾಚುವವಳು ಹಲಗೆ ಏರಿದರೆ ಸಾಕು, ಗದ್ದ ಮೇಲೆತ್ತಿ ನೋಡುವ ನೋಟಕ್ಕೆ ಜಾಗೀರದಾರರೂ ಕಣ್ಣು ತಗ್ಗಿಸುತ್ತಿದ್ದರು. ಗಿಟಾರಿನ ಜಾಗದಲ್ಲಿ ಮೂರು ವರ್ಷಗಳಿಂದ ಸುರಪುರದ ಅಮರಪ್ಪನ ತಬಲಾ.

ನಿನ್ನೆ ಸಂಜೆ ಅವನ ಊರಲ್ಲೇ, ತಾಲೂಕುದಾರ ಸಾಹೇಬರ ಎದುರು ಕುಣಿತ. ಹೆಜ್ಜೆಗಳು ಬಿರುಸಾಗಿದ್ದಾಗಲೇ ಅಮರಪ್ಪ ತಬಲಾದಿಂದ ಕೈ ಎತ್ತಿಬಿಟ್ಟ!

ಖಟ್... ಖಟ್... ಬರೀ ಅವಳ ಕಾಲಿನ ಸದ್ದು. ಸಭೆಯಲ್ಲಿ ಒಬ್ಬರೂ ಉಸಿರೆತ್ತಲಿಲ್ಲ.

'ಬೇಕೆಂದೇ ಮಾಡಿದ... ತನ್ನ ಊರಿನವರ ಮುಂದೆ ನನ್ನ ತಪ್ಪು ಬಯಲು ಮಾಡಿದ!'

ಅರ್ಧಕ್ಕೇ ಒಳಗೆ ಓಡಿದಳು. ಹಲಗೆಯನ್ನು ಅಲ್ಲೇ ಬಿಟ್ಟು, ಬೆಳಿಗ್ಗೆ ಮೊದಲ ಮೋಟಾರು ಹಿಡಿದು ಯಾದಗಿರಿ ಟೇಸನ್ನಿಗೆ ಬಂದಳು. ಇನ್ನು ಕುಣಿತವಿಲ್ಲ. ಹೈದರಾಬಾದಿಗೆ ಮರಳಿ ತಾಯಿಯ ಜೊತೆ ರೊಟ್ಟಿ ಬಡಿಯುವುದು.

ರೈಲು ತಡವಾಗಿತ್ತು. ಅಷ್ಟರಲ್ಲಿ ಹಮಾಲನೊಬ್ಬನ ದನಿ ಕೇಳಿತು. "ಏನಪಾ ಅಮರಪ್ಪ, ಮನಿ ಬಾಗಲಾನ ಕಿತ್ಕೊಂಡು ಹೊಂಟಿಯೇನು?"

ತಿರುಗಿದಳು. ಹೆಗಲ ಮೇಲೆ ಹಲಗೆ, ಮೈಯೆಲ್ಲ ಬೆವರು. ಅಮರಪ್ಪ ಹಲಗೆಯನ್ನು ಅವಳ ಕಾಲ ಬಳಿ ಇಳಿಸಿದ.

"ಯಾಕ ಕೈ ಎತ್ತಿದ್ರಿ?" ಅವಳ ಕಣ್ಣು ತುಂಬಿತ್ತು. "ನನ್ನ ಎಡಗಾಲು..."

"ತಡಾ ಬೀಳ್ತೈತಿ. ಗೊತ್ತೈತ್ರಿ." ಅವನು ನಗಲಿಲ್ಲ. "ಮೂರು ವರ್ಷದಿಂದ ಅದರ ಸಂಗಾಟ ನಾನೂ ತಡಾ ಮಾಡೇ ಬಾರಿಸ್ತೀನಿ."

ಅವಳು ತನ್ನ ಎಡಗಾಲನ್ನೇ ನೋಡಿಕೊಂಡಳು.

"ಆ ತಡಾದಾಗನ ಜೀವ ಐತ್ರಿ ಲಾಲಮ್ಮ. ನನ್ನ ತಬಲಾ ಅದನ್ನ ಮುಚ್ಚಿಬಿಡ್ತಿತ್ತು. ನಮ್ಮೂರ ಮಂದಿಯರೇ ಒಮ್ಮಿ ಕೇಳ್ಲಿ ಅಂತ ಕೈ ಎತ್ತಿದೆ. ನೀವು ಓಡಿಹೋದ ಮ್ಯಾಲೂ ಎಷ್ಟೋ ಹೊತ್ತು ಯಾರೂ ಎದ್ದಿಲ್ಲ... ಸಾಹೇಬ್ರೂ ಎದ್ದಿಲ್ಲ."

ಆಗ ನೆನಪಾಯಿತು. ರೋಸಾಬಾಯಿಯ ಗಿಟಾರಿನವನೂ ಹೀಗೇ ಕೈ ನಿಲ್ಲಿಸುತ್ತಿದ್ದ! ನರ್ತಕಿಗೆ ಅದಕ್ಕಿಂತ ದೊಡ್ಡ ಮರ್ಯಾದೆಯಿಲ್ಲ ಎನ್ನುತ್ತಿದ್ದಳು ರೋಸಾಬಾಯಿ. ನನ್ನ ಭಯದಲ್ಲಿ ಅದನ್ನೇ ಮರೆತಿದ್ದೆನಲ್ಲ...

ರೈಲು ಬಂತು. ನಿಂತಿತು. ಲಾಲಮ್ಮ ಹತ್ತಲಿಲ್ಲ.

"ಹಲಗಿ ಒಳಗ ಇಡ್ಲೇನ್ರಿ?" ಅಮರಪ್ಪ ಹಲಗೆಗೆ ಕೈ ಹಾಕಿ ಕೇಳಿದ.

ಅವಳು ತಲೆಯಾಡಿಸಿದಳು. ಬೇಡ. ಸೆರಗಿನ ತುದಿ ಬೆರಳಿಗೆ ಸುತ್ತಿ, ಬಿಚ್ಚಿ, ಮತ್ತೆ ಸುತ್ತಿದಳು. ರೈಲು ಹೊರಡುವ ಸೀಟಿ ನಿಂತ ಮೇಲೆ, ಹಲಗೆ ಏರಿದಾಗಿನಂತೆಯೇ ಗದ್ದ ಮೇಲೆತ್ತಿದಳು.

"ಈ ಮೂರು ವರ್ಷ ಮಂದಿ ಸಲುವಾಗಿ ಕುಣದಿಲ್ರಿ ನಾ. ನಿಮ್ಮ ಸಲುವಾಗಿ ಕುಣದೀನಿ."