ತೈಮಾಳ ದನಿ, ರುದೈನಾಳ ಹೊಟ್ಟೆಕಿಚ್ಚು

"ನಾನು ಗೋಡೆ ಜೊತೆ ಪ್ರೀತಿಯ ಮಾತಾಡೋನಲ್ಲ ಸ್ವಾಮಿ! ಆ ಕಡೆ ಜೀವ ಇರೋರನ್ನ ಯಾರನ್ನಾದ್ರೂ ಕೂರಿಸಿ!"

ಹೆಡ್‌ಫೋನ್ ಕಿತ್ತು ಮೇಜಿನ ಮೇಲೆ ಇಟ್ಟ ಆ ಹೊಸಬನ ಹೆಸರು ಹಾಜಿಮ್. ಹಗಲು ಶಾಲೆಯಲ್ಲಿ ಭೂಗೋಳ ಪಾಠ ಮಾಡುವವನು. ಅಮ್ಮಾನ್‌ನ ವೈಬ್ದೆ ಗುಡ್ಡದ ಮೇಲಿನ ಆ ಪುಟ್ಟ ಸ್ಟುಡಿಯೋಕ್ಕೆ ರೇಡಿಯೋ ಧಾರಾವಾಹಿಯ ನಾಯಕನ ದನಿಗಾಗಿ ಪರೀಕ್ಷೆ ಕೊಡಲು ಬಂದಿದ್ದ. ಬಂದ ಮೊದಲ ದಿನವೇ ಈ ಗತ್ತು!

ನಿರ್ದೇಶಕ ಅಬು ನಾಯಿಫ್ ತಲೆ ಚಚ್ಚಿಕೊಂಡರು. "ರುದೈನಾ! ಆ ಫಲಾಫಲ್ ಕೆಳಗಿಟ್ಟು ಒಳಗೆ ಹೋಗಮ್ಮ. ಈ ಮಹಾರಾಜರಿಗೆ ಜೀವ ಇರೋರು ಬೇಕಂತೆ."

ರುದೈನಾ ಬಾಯಿ ಒರೆಸಿಕೊಂಡು ಪಕ್ಕದ ಗಾಜಿನ ಕೋಣೆಗೆ ಹೋದಳು. ಇದು ಅವಳ ನಿತ್ಯದ ಕೆಲಸವೇ. ನಾಯಕ ಮಾತಾಡುವಾಗ ನಾಯಕಿಯ ಸಾಲುಗಳನ್ನು ಅವನ ಕಿವಿಗೆ ಓದುವುದು. ಆಮೇಲೆ ಹೆಸರಾಂತ ನಟಿ ಬಂದು ಅದೇ ಸಾಲುಗಳನ್ನು ಹೇಳುತ್ತಾಳೆ, ರುದೈನಾಳ ದನಿಯನ್ನು ಅಳಿಸಿಬಿಡುತ್ತಾರೆ. ಸ್ಟುಡಿಯೋದವರು ಅದಕ್ಕೆ ಆಸರೆ ದನಿ ಎನ್ನುತ್ತಿದ್ದರು. ಮನೆ ಕಟ್ಟಿ ಮುಗಿದ ಮೇಲೆ ಬಿಚ್ಚಿ ಒಗೆಯುವ ಸಾರವೆಯ ಹಾಗೆ.

ಗಾಜಿನಾಚೆ ಅವನು ಹುಬ್ಬು ಗಂಟಿಕ್ಕಿ ನಿಂತಿದ್ದ. ರುದೈನಾ ಕಾಗದ ನೋಡಿಕೊಂಡು ಓದಿದಳು.

"ನೀರು ಹೊರುವವನೇ, ನಿನ್ನ ಹೆಗಲ ಮೇಲಿರುವುದು ಬರೀ ನೀರೋ, ನನ್ನ ನಾಡಿನ ಜೀವವೋ?"

ಅವನ ಹುಬ್ಬು ಸಡಿಲವಾಯಿತು. ಆಮೇಲೆ ಮೆಲ್ಲಗೆ ಉತ್ತರಿಸಿದ.

"ಎರಡೂ ಅಲ್ಲ, ರಾಜಕುಮಾರಿ. ನಿನ್ನ ಬಾಗಿಲವರೆಗೆ ಬರಲು ನನಗಿರುವ ನೆಪ."

ಅಯ್ಯೋ! ರುದೈನಾ ಕಾಗದದಿಂದ ತಲೆಯೆತ್ತಿ ನೋಡಿದಳು. ಹತ್ತಾರು ನಾಯಕರಿಗೆ ಸಾಲು ಓದಿದವಳು ಅವಳು. ಯಾರ ದನಿಯೂ ಹೀಗೆ ನೇರವಾಗಿ ಒಳಗೆ ಇಳಿದಿರಲಿಲ್ಲ...

"ಇವರೇ ಇರ್ಲಿ," ಎಂದ ಹಾಜಿಮ್, ಅವಳನ್ನೇ ನೋಡುತ್ತಾ. "ಇವರು ಇದ್ರೆ ನಾನು ಇರ್ತೀನಿ."

*

ಆ ಧಾರಾವಾಹಿ, 'ಏಳು ಬಾವಿಗಳ ನಾಡು', ದಪ್ಪದಪ್ಪ ಪುಸ್ತಕಗಳಲ್ಲಿ ಬಂದಿದ್ದ ಕಾಲ್ಪನಿಕ ಕಥೆ. ಒಬ್ಬ ದೊರೆ ನಾಡಿನ ಏಳೂ ಬಾವಿಗಳಿಗೆ ಮಂತ್ರದ ಬೀಗ ಹಾಕುತ್ತಾನೆ. ನೀರು ಹೊರುವ ಸಹಲ್ ಎಂಬವನು ಒಂದೊಂದೇ ಬೀಗ ಒಡೆಯುತ್ತಾನೆ. ದೊರೆಯ ಮಗಳು ತೈಮಾ ಅವನ ಕೈ ಹಿಡಿಯುತ್ತಾಳೆ. ಶಾಲೆಯ ಮಕ್ಕಳು ಬೆಂಚಿನ ಕೆಳಗೆ ಇಟ್ಟುಕೊಂಡು ಓದುತ್ತಿದ್ದ ಕಥೆ ಅದು.

ಹಾಜಿಮ್‌ನ ದನಿಯಲ್ಲಿ ಸಹಲ್ ರೇಡಿಯೋದಲ್ಲಿ ಬಂದದ್ದೇ ತಡ, ಊರಿಗೆ ಊರೇ ಹುಚ್ಚಾಯಿತು! ವಾರಕ್ಕೊಂದು ದಿನ ನಲ್ಲಿಯಲ್ಲಿ ನೀರು ಬರುವ ಊರು. ಆ ಒಂದು ದಿನ ಬಟ್ಟೆ, ಪಾತ್ರೆ, ಸ್ನಾನ, ನೆಲ ಎಲ್ಲ ಮುಗಿಸಿ ತಾರಸಿಯ ತೊಟ್ಟಿ ತುಂಬಿಕೊಳ್ಳಬೇಕು. ಅಂಥವರಿಗೆ ಬೀಗ ಹಾಕಿದ ಬಾವಿಯ ಕಥೆ ಯಾರಾದರೂ ಬಿಡಿಸಿ ಹೇಳಬೇಕೇ?

'ಬಾವಿಗೆ ಬೀಗವಿಲ್ಲ' ಎಂಬ ಸಹಲ್‌ನ ಮಾತು ತಾರಸಿಯ ತೊಟ್ಟಿಗಳ ಮೇಲೆಲ್ಲ ನೀಲಿ ಬಣ್ಣದಲ್ಲಿ ಮೂಡಿತು. ಹುಟ್ಟಿದ ಹೆಣ್ಣು ಕೂಸುಗಳಿಗೆ ತೈಮಾ ಎಂದು ಹೆಸರಿಟ್ಟರು. ನಗರಸಭೆ ಚುನಾವಣೆ ಹತ್ತಿರವಿತ್ತು ನೋಡಿ, ಎದುರಾಳಿಗಳಿಬ್ಬರೂ ಅದೇ ಘೋಷಣೆ ಹಿಡಿದು "ಸಹಲ್ ನಮ್ಮವನು" ಎಂದು ಕಚ್ಚಾಡತೊಡಗಿದರು! ಇಲ್ಲದ ನಾಡಿನ ಇಲ್ಲದ ಮನುಷ್ಯನಿಗಾಗಿ ಇರುವ ಜನ ಮೈಕ್ ಹಿಡಿದು ಕೂಗಾಡಿದರು.

ಇನ್ನು ಆ ಬಟ್ಟಲಿನ ದೃಶ್ಯ! ಅರಮನೆಯಲ್ಲಿ ಕೊಟ್ಟ ಬಟ್ಟಲನ್ನು ಸಹಲ್ ಮುಟ್ಟದೆ ಕೆಳಗಿಡುತ್ತಾನೆ. 'ಕೇಳಿದ್ದು ಕೊಡುವವರೆಗೆ ಕುಡಿಯಲಾರೆ' ಎನ್ನುತ್ತಾನೆ. ಆ ಊರಲ್ಲಿ ಹೆಣ್ಣು ಕೇಳಲು ಹೋದಾಗ ಗಂಡಿನ ಮನೆಯ ಹಿರಿಯರು ಮಾಡುವುದೇ ಅದನ್ನು. ಕಾಫಿ ಬಟ್ಟಲು ಮುಂದಿಟ್ಟುಕೊಂಡು, 'ಹೂಂ' ಅನ್ನಿಸಿಕೊಳ್ಳುವವರೆಗೆ ತುಟಿಗೆ ತಾಗಿಸುವುದಿಲ್ಲ. ಕೇಳುಗರು ಆ ದಿನ ಬೀದಿಯಲ್ಲೇ ಚಪ್ಪಾಳೆ ತಟ್ಟಿದರಂತೆ.

ಆದರೆ ತೈಮಾ ಎಂದರೆ ಜನಕ್ಕೆ ಯಾರು? ಜುಮಾನಾ!

ಟಿವಿಯ ತಾರೆ ಜುಮಾನಾ. ಸದಾ ಚಿತ್ರೀಕರಣದಲ್ಲಿರುವ ಅವಳು ಬಿಡುವಾದಾಗ ಒಬ್ಬಳೇ ಬಂದು, ತನ್ನ ಸಾಲು ಹೇಳಿ ಹೋಗುತ್ತಿದ್ದಳು. ಹಾಜಿಮ್‌ನ ಜೊತೆ ಒಂದು ದಿನವೂ ಒಟ್ಟಿಗೆ ಮೈಕ್ ಮುಂದೆ ನಿಂತವಳಲ್ಲ. ಊರಿಗೆ ಇದೆಲ್ಲ ಹೇಗೆ ಗೊತ್ತಾಗಬೇಕು? "ಅವರಿಬ್ಬರ ದನಿಯಲ್ಲೇ ಪ್ರೀತಿ ತುಳುಕುತ್ತೆ, ಮದುವೆ ಯಾವಾಗ?" ಎಂದು ಟ್ಯಾಕ್ಸಿಯವರೂ ಕೇಳುತ್ತಿದ್ದರು.

ರುದೈನಾಳ ಅಪ್ಪನಂತೂ ಇನ್ನೂ ಒಂದು ಕೈ ಮೇಲೆ. ಅಬು ಬಶಾರ್ ನೀರಿನ ಟ್ಯಾಂಕರ್ ಓಡಿಸಿ ನಿವೃತ್ತರಾದವರು. ಸಹಲ್ ಎಂದರೆ ತನ್ನದೇ ಕಸುಬಿನವನು ಎಂಬ ಹೆಮ್ಮೆ!

"ಎಂಥ ದನಿ ಕಣೇ ಆ ಜುಮಾನಾಂದು! ಜೇನು ಅಂದ್ರೆ ಜೇನು. ನೀನೂ ಅಲ್ಲೇ ಕೆಲಸ ಮಾಡ್ತೀಯ, ಸ್ವಲ್ಪ ಕಲಿತ್ಕೋಬಾರ್ದಾ? ಮನೇಲಿ ಕಾಗೆ ಥರ ಅರಚ್ತೀಯ."

"ಅಪ್ಪಾ! ರೇಡಿಯೋ ಸಣ್ಣ ಮಾಡಿ!"

"ಯಾಕೆ?"

"ತಲೆನೋವು!"

ತಲೆನೋವಲ್ಲ, ಹೊಟ್ಟೆಯುರಿ. 'ಆ ನಿಟ್ಟುಸಿರು ನನ್ನದು! ಆ ಸಾಲಿನ ನಡುವೆ ನಿಲ್ಲಿಸಿದ್ದು ನಾನು... ಅವಳು ನನ್ನ ಹಾಗೇ ಹೇಳ್ತಿದಾಳೆ. ಆದ್ರೆ ಅವನ ಮಾತು ಮಾತ್ರ ಅವಳ ಪಾಲಿಗೆ ಹೋಗ್ತಿದೆ!' ರುದೈನಾ ದಿಂಬಿಗೆ ಮುಖ ಒತ್ತಿಕೊಂಡಳು. ಜುಮಾನಾಳ ಫೋಟೋ ಇರುವ ಪೋಸ್ಟರ್ ಕಂಡರೆ ರಸ್ತೆ ದಾಟಿ ಆಚೆ ಬದಿಗೆ ಹೋಗುವಷ್ಟು ಉರಿ ಅವಳಿಗೆ.

*

ಕೊನೆಯ ಕಂತಿನ ಧ್ವನಿಮುದ್ರಣದ ದಿನ. ಏಳನೇ ಬಾವಿಯ ಬೀಗವೂ ಒಡೆದಿದೆ. ತೈಮಾ ಸಹಲ್‌ನ ಮುಂದೆ ಮನಸ್ಸು ಬಿಚ್ಚಬೇಕು.

"ಇಷ್ಟು ದಿನ ನಾಡಿನ ಬಾಯಾರಿಕೆ ಕೇಳಿದೆಯಲ್ಲ, ನನ್ನದನ್ನು ಯಾವಾಗ ಕೇಳುತ್ತೀ?" ಎಂದು ಓದುವಾಗ ರುದೈನಾಳ ಗಂಟಲು ಕಟ್ಟಿತು. ಓದುತ್ತಿದ್ದದ್ದು ಕಾಗದವಾಗಿರಲಿಲ್ಲ.

ಗಾಜಿನಾಚೆ ಹಾಜಿಮ್‌ನ ಕಣ್ಣು ಒದ್ದೆಯಾಗಿತ್ತು.

'ಅವಳನ್ನ ನೆನೆಸ್ಕೊಂಡು ಅಳ್ತಿದಾನೆ,' ಎಂದುಕೊಂಡಳು ಹುಡುಗಿ. ಹೊಟ್ಟೆಕಿಚ್ಚಿಗೆ ಕಣ್ಣಿಲ್ಲ ನೋಡಿ. ಎದುರಿಗಿರುವುದೇ ಕಾಣುವುದಿಲ್ಲ!

ಹೊರಗೆ ಬಂದವನೇ ಹಾಜಿಮ್ ಅವಳ ಬಳಿ ನಿಂತ. "ರುದೈನಾ, ನಿಮಗೆ ಒಂದು ಮಾತು ಹೇಳೋದಿದೆ. ಮೊದಲು ಒಂದು ಕೆಲಸ ಮುಗಿಸ್ಬೇಕು. ಒಂದೆರಡು ದಿನ..."

ಆ ಕೆಲಸ ಏನೆಂದು ಮರುದಿನವೇ ಊರಿಗೆಲ್ಲ ತಿಳಿಯಿತು. ಎಲ್ಲರ ಫೋನಿನಲ್ಲೂ ಒಂದೇ ಫೋಟೋ. ಜುಮಾನಾಳ ಮನೆಯ ಹಜಾರ. ಸೋಫಾದ ತುದಿಯಲ್ಲಿ ಹಾಜಿಮ್. ಪಕ್ಕದಲ್ಲಿ ಅವನ ದೊಡ್ಡಪ್ಪ, ಗಂಭೀರ ಮುಖ. ಇಬ್ಬರ ಮುಂದೆಯೂ ಕಾಫಿ ಬಟ್ಟಲು... ತುಂಬಿ ನಿಂತದ್ದು. ಮುಟ್ಟದೇ ಇಟ್ಟದ್ದು!

ಯಾರೋ ಮನೆಕೆಲಸದವರು ತೆಗೆದ ಫೋಟೋ. ಅದಕ್ಕೆ ಅರ್ಥ ಹೇಳುವ ಅಗತ್ಯವೇ ಇರಲಿಲ್ಲ. ಕುಡಿಯದ ಕಾಫಿ ಎಂದರೆ ಹೆಣ್ಣು ಕೇಳಲು ಬಂದದ್ದು. ಅಮ್ಮಾನ್ ತುಂಬ ಅಭಿನಂದನೆ ಹರಿದಾಡಿತು. ಇಬ್ಬರು ಅಭ್ಯರ್ಥಿಗಳೂ ಹೂಗುಚ್ಛ ಕಳಿಸಿದರು!

ರುದೈನಾ ಆ ಬಟ್ಟಲನ್ನು ದೊಡ್ಡದು ಮಾಡಿ ನೋಡಿದಳು. ಮತ್ತೆ ನೋಡಿದಳು. ಫೋನನ್ನು ಸೋಫಾದ ಮೇಲೆ ಎಸೆದಳು.

"ಕೊನೆಗೂ!" ಎಂದು ಅಪ್ಪ ಕುಣಿದರು. "ನನ್ನ ಸಹಲ್ ತೈಮಾನ ಕೇಳೇಬಿಟ್ಟ! ಏ, ಯಾಕೆ ಅಳ್ತಿದೀಯ?"

"ಖುಷಿಗೆ!" ಎಂದು ಅರಚಿ ರುದೈನಾ ಕೋಣೆಯ ಬಾಗಿಲು ಹಾಕಿಕೊಂಡಳು.

ಮಾರನೆ ದಿನ ಕೆಲಸ ಬಿಡುತ್ತೇನೆ ಎಂದು ಹೇಳಲು ಸ್ಟುಡಿಯೋಕ್ಕೆ ಹೋದಾಗ ಮೆಟ್ಟಿಲ ಮೇಲೆ ಹಾಜಿಮ್ ಸಿಕ್ಕಿದ.

"ಅಭಿನಂದನೆ," ಎಂದಳು, ಬೇರೆ ಕಡೆ ನೋಡುತ್ತಾ.

"ಯಾವುದಕ್ಕೆ?"

"ನಾಟಕ ಮೈಕ್ ಮುಂದೆ ಮಾಡಿ, ನನ್ನ ಮುಂದೆ ಬೇಡ. ಕಾಫಿ ಚೆನ್ನಾಗಿತ್ತಾ? ಓ, ಕುಡಿದ್ರೆ ತಾನೆ ಗೊತ್ತಾಗೋದು!"

ಅವನಿಗೆ ಅರ್ಥವಾಯಿತು. ಮುಖ ಬಿಳಿಚಿತು. "ರುದೈನಾ, ನೀವು ಅಂದ್ಕೊಂಡಿದ್ದಲ್ಲ. ಆದ್ರೆ ಶುಕ್ರವಾರದವರೆಗೆ ಬಾಯಿ ಬಿಡಲ್ಲ ಅಂತ ಮಾತು ಕೊಟ್ಟಿದೀನಿ. ಮೊದಲೇ ಹೊರಗೆ ಬಿದ್ರೆ ಜಾಹೀರಾತಿನೋರು ತಡೆದುಬಿಡ್ತಾರೆ."

"ಏನನ್ನ? ಮದುವೇನಾ?"

"ಕೊನೇ ಕಂತು ಕೇಳಿ. ಅಷ್ಟೇ ನಾನು ಕೇಳ್ಕೊಳ್ಳೋದು. ಕೇಳಿದ ಮೇಲೂ ನಿಮ್ಮ ಮುಖ ಹೀಗೇ ಇದ್ರೆ ಇನ್ನು ನಿಮ್ಮ ಕಣ್ಣಿಗೆ ಬೀಳಲ್ಲ."

"ಆ ಜೇನಿನ ದನೀನ ಇನ್ನೊಂದು ಸಲ ಕೇಳ್ಬೇಕಾ ನಾನು? ಸಾಧ್ಯವೇ ಇಲ್ಲ!"

ಅವಳು ಹಿಂದೆ ನೋಡದೆ ಮೆಟ್ಟಿಲಿಳಿದಳು. ಅವನ ದನಿ ಮಾತ್ರ ಬೆನ್ನಿಗೆ ಬಿದ್ದಿತ್ತು. "ನಿಮ್ಮಾಣೆ, ಕೇಳಿ!"

*

ಕೇಳದೇ ಇರಲು ಅವಳು ಕಿವಿಗೆ ಹತ್ತಿ ಇಟ್ಟುಕೊಂಡರೂ ಆಗುತ್ತಿರಲಿಲ್ಲ. ಶುಕ್ರವಾರ ಮಧ್ಯಾಹ್ನ ಚೌಕದ ಎರಡೂ ಬದಿಗೆ ಇಬ್ಬರು ಅಭ್ಯರ್ಥಿಗಳು ಪೈಪೋಟಿಯಲ್ಲಿ ಧ್ವನಿವರ್ಧಕ ಕಟ್ಟಿಸಿದ್ದರು. ಅಂಗಡಿಗಳು ಅರ್ಧ ಬಾಗಿಲೆಳೆದಿದ್ದವು. ಜನ ತಾರಸಿ ಹತ್ತಿ ತೊಟ್ಟಿಗಳಿಗೆ ಒರಗಿ ಕೂತಿದ್ದರು. ಅಬು ಬಶಾರ್ ಒಳ್ಳೆಯ ಕೋಟು ಹಾಕಿಕೊಂಡು ರೇಡಿಯೋ ಮುಂದೆ ಕೂತರು. ರುದೈನಾ ಅಡುಗೆಮನೆಯಲ್ಲಿ ಸುಮ್ಮನೆ ಬೀನ್ಸ್ ಮುರಿಯುತ್ತಿದ್ದಳು.

ಏಳನೇ ಬೀಗ ಒಡೆಯಿತು. ಊರು ಹೋ ಎಂದಿತು. ಆಮೇಲೆ ಸದ್ದಡಗಿತು.

"ಇಷ್ಟು ದಿನ ನಾಡಿನ ಬಾಯಾರಿಕೆ ಕೇಳಿದೆಯಲ್ಲ..."

ಬೀನ್ಸ್ ರುದೈನಾಳ ಕೈಯಿಂದ ಜಾರಿತು.

ಆ ದನಿ ಜೇನಾಗಿರಲಿಲ್ಲ. ಸ್ವಲ್ಪ ಒರಟು. ನಡುವೆ ಕಟ್ಟಿದ ಗಂಟಲು. ಚೌಕದಿಂದ, ಪಕ್ಕದ ಮನೆಯಿಂದ, ಕೆಳಗಿನ ಟ್ಯಾಕ್ಸಿಯಿಂದ, ಎಲ್ಲ ಕಡೆಯಿಂದಲೂ ಬರುತ್ತಿದ್ದದ್ದು ಒಂದೇ ದನಿ...

"...ನನ್ನದನ್ನು ಯಾವಾಗ ಕೇಳುತ್ತೀ?"

ಅಪ್ಪ ನಿಧಾನವಾಗಿ ಎದ್ದು ನಿಂತರು. "ಇದು... ಇದು ನಮ್ಮ ಮನೆ ಕಾಗೆ!"

ಅಡುಗೆಮನೆಯ ಬಾಗಿಲಲ್ಲಿ ಮಗಳು ಬಾಯಿಗೆ ಕೈ ಒತ್ತಿಕೊಂಡು ನಿಂತಿದ್ದಳು. ಕೊನೆಯಲ್ಲಿ ಹೆಸರುಗಳು ಬಂದವು. 'ಕೊನೆಯ ಕಂತಿನಲ್ಲಿ ತೈಮಾಳಾಗಿ ರುದೈನಾ.' ಜುಮಾನಾಳದೇ ದನಿ ಅದನ್ನು ಓದಿ ಹೇಳಿತು!

"ಅಳಿಸಿಲ್ಲ..." ಎಂದಳು ರುದೈನಾ ತನಗೆ ತಾನೇ. "ನನ್ನನ್ನ ಅಳಿಸಿಲ್ಲ."

*

ಮುಂದಿನ ನೀರಿನ ದಿನ. ಮನೆ ಎಂದರೆ ರಣರಂಗ! ಬಟ್ಟೆ ಒಗೆಯುವ ಯಂತ್ರ ಗುಡುಗುತ್ತಿತ್ತು, ಹಜಾರದ ತುಂಬ ಬಕೆಟ್. ಅಷ್ಟರಲ್ಲಿ ಬಾಗಿಲು ಬಡಿದ ಸದ್ದು.

ಹಾಜಿಮ್, ಪಕ್ಕದಲ್ಲಿ ಅದೇ ದೊಡ್ಡಪ್ಪ.

"ನೀರಿನ ದಿನವೇ ಬರೋದಾ ನೀವು?" ಎಂದು ಅಬು ಬಶಾರ್ ಕಂಗಾಲಾಗಿ ಪ್ಯಾಂಟಿನ ಮಡಿಕೆ ಬಿಡಿಸಿಕೊಂಡರು. "ಬನ್ನಿ, ಬನ್ನಿ! ಬಕೆಟ್ ದಾಟಿ ಬನ್ನಿ!"

ಕಾಫಿ ಬಂತು. ದೊಡ್ಡಪ್ಪ ಬಟ್ಟಲನ್ನು ಮುಂದಿಟ್ಟುಕೊಂಡರು. ಹಾಜಿಮ್ ಕೂಡ. ಯಾರೂ ಮುಟ್ಟಲಿಲ್ಲ.

"ಅಬು ಬಶಾರ್, ನಮ್ಮದೊಂದು ಕೋರಿಕೆ ಇದೆ," ಎಂದು ದೊಡ್ಡಪ್ಪ ಶುರುಮಾಡಿದರು. "ಈ ಹುಡುಗ ನನ್ನ ಕರ್ಕೊಂಡು ಮನೆಮನೆಗೆ ಹೋಗಿ ಕಾಫಿ ತಣ್ಣಗಾಗಿಸೋದನ್ನೇ ಕಸುಬು ಮಾಡ್ಕೊಂಡಿದಾನೆ. ಹೋದ್ವಾರ ಆ ನಟಿ ಮನೇಲಿ 'ಕೊನೇ ಕಂತಲ್ಲಿ ರುದೈನಾ ದನೀನೇ ಉಳಿಸಿ, ಒಪ್ಪೋವರೆಗೂ ಕುಡಿಯಲ್ಲ' ಅಂತ ಕೂತ. ಇವತ್ತಾದ್ರೂ ಬಿಸಿಯಾಗಿ ಕುಡಿಸಿ ಪುಣ್ಯ ಕಟ್ಕೊಳ್ಳಿ."

ಬಾಗಿಲ ಹಿಂದೆ ನಿಂತು ಕೇಳುತ್ತಿದ್ದ ರುದೈನಾ ಹೊರಗೆ ಇಣುಕಿದಳು. 'ಆ ಫೋಟೋದ ಬಟ್ಟಲು... ನನಗಾಗಿ?'

ಅಷ್ಟರಲ್ಲಿ ಮೇಲಿನಿಂದ ನೀರು ಧೋ ಎಂದು ಸುರಿಯತೊಡಗಿತು. "ತೊಟ್ಟಿ ತುಂಬಿ ಹರೀತಿದೆ! ರುದೈನಾ, ಓಡು!" ಎಂದರು ಅಪ್ಪ.

ಅವಳು ಓಡಿದಳು. ಹಿಂದೆಯೇ ಹಾಜಿಮ್ ಓಡಿದ. "ನಾನು ನೀರು ಹೊರೋನಲ್ವಾ, ನೋಡ್ಕೊಂಡು ಬರ್ತೀನಿ," ಎಂದು ಹಿರಿಯರಿಗೆ ಹೇಳಿ! ಹಿರಿಯರು ಗಡ್ಡದೊಳಗೇ ನಕ್ಕರು.

ತಾರಸಿಯಲ್ಲಿ ಇಬ್ಬರೂ ಸೇರಿ ನಲ್ಲಿಯ ತಿರುಗಣೆ ಮುಚ್ಚಿದರು. ತೊಟ್ಟಿಯ ನೀಲಿ ಅಕ್ಷರಗಳ ಮೇಲೆ ನೀರು ಇಳಿಯುತ್ತಿತ್ತು. ಅವಳ ತೋಳು ಪೂರ್ತಿ ಒದ್ದೆ.

"ಅವಳು ಹೇಗೆ ಒಪ್ಪಿದ್ಲು?" ಎಂದಳು ರುದೈನಾ.

"ಜುಮಾನಾನಾ? 'ನಾನು ಅವಳನ್ನೇ ಕೇಳ್ಕೊಂಡು ನಕಲು ಮಾಡ್ತಿದ್ದೆ, ಆ ಹುಡುಗಿ ದನಿ ಮೇಲೆ ನಂಗೆ ಹೊಟ್ಟೆಕಿಚ್ಚು' ಅಂದ್ಲು. ಆಮೇಲೆ ನಗಾಡಿ, ಕುಡಿ ಅಂತ ನನ್ನ ಬಟ್ಟಲು ನನ್ನ ಕೈಗೇ ಕೊಟ್ಲು. ಕೊನೇ ಹೆಸರುಗಳನ್ನ ಓದ್ತೀನಿ ಅಂತ ಅವಳೇ ಹೇಳಿದ್ದು. ಜಾಹೀರಾತಿನೋರಿಗೆ ಅವಳ ಹೆಸರೇ ಬೇಕಿತ್ತಲ್ಲ, ಅದಕ್ಕೇ ಶುಕ್ರವಾರದವರೆಗೆ ಬಾಯಿ ಮುಚ್ಕೊಂಡಿದ್ದೆ."

"ಅವಳಿಗೆ... ನನ್ನ ಮೇಲೆ?" ರುದೈನಾಗೆ ನಗು, ಅಳು ಒಟ್ಟಿಗೇ ಬಂತು. ಇಷ್ಟು ದಿನ ರಸ್ತೆ ದಾಟಿ ದಾಟಿ ಕಾಲು ಸವೆಸಿದ್ದು ಸುಮ್ಮನೆಯೇ!

"ನಾನು ಒಂದೇ ಒಂದು ಸಾಲನ್ನೂ ಅವಳಿಗೆ ಹೇಳಿಲ್ಲ ರುದೈನಾ. ನನ್ನ ಕಿವೀಲಿ ಇದ್ದಿದ್ದು ನೀನೇ. ಊರೆಲ್ಲ ಕೇಳಿದ್ದು ನಾನು ನಿನಗೆ ಹೇಳಿದ್ದನ್ನೇ."

ಅವಳು ಒದ್ದೆ ಕೈಯಿಂದ ಕಣ್ಣೊರೆಸಿಕೊಂಡಳು. ಅದರಿಂದೇನೂ ಒಣಗಲಿಲ್ಲ.

"ಕೆಳಗೆ ನಿನ್ನ ಕಾಫಿ ಆರ್ತಿದೆ," ಎಂದಳು.

"ನೀನು ಹೂಂ ಅಂದ್ರೆ ಆರಿದ್ದನ್ನೇ ಕುಡೀತೀನಿ."

"ಇನ್ನೂ ಸ್ವಲ್ಪ ಆರ್ಲಿ. ನಾನೆಷ್ಟು ದಿನ ಉರಿದಿದೀನಿ ಗೊತ್ತಾ?"

"ಗೊತ್ತು. ಅಬು ನಾಯಿಫ್ ಹೇಳಿದ್ರು. ಪೋಸ್ಟರ್‌ನಲ್ಲಿ ಜುಮಾನಾಗೆ ಮೀಸೆ ಬರೆದಿದ್ಯಂತೆ."

"ಅದು ನಾನಲ್ಲ!" ಅವಳ ಕೆನ್ನೆ ಕೆಂಪಾಯಿತು. "...ಒಂದೇ ಒಂದಕ್ಕೆ."

ಅವನು ಜೋರಾಗಿ ನಕ್ಕ. ಆಮೇಲೆ ನಗು ನಿಲ್ಲಿಸಿ ಹತ್ತಿರ ಬಂದ. ನಡುವೆ ಗಾಜಿರಲಿಲ್ಲ, ಹೆಡ್‌ಫೋನ್ ಇರಲಿಲ್ಲ.

"ನಿನ್ನ ಬಾಗಿಲವರೆಗೆ ಬಂದಿದೀನಿ ರುದೈನಾ. ಈ ಸಲ ನೆಪ ಇಲ್ಲ. ಒಳಗೆ ಬರ್ಲಾ?"

"ಕೇಳಿಸ್ಲಿಲ್ಲ," ಎಂದಳು ಅವಳು, ತುಟಿ ಕಚ್ಚಿಕೊಂಡು.

"ಮತ್ತೆ ಹೇಳ್ಲಾ?"

"ದಿನಾ ಹೇಳು..."

ಕೆಳಗಿನಿಂದ ಅಪ್ಪನ ಕೂಗು ಬಂತು. "ಅಮ್ಮಾ ರುದೈನಾ! ಈ ಕಾಫಿ ಗತಿ ಏನು? ಇಲ್ಲಿ ದೊಡ್ಡಪ್ಪನೋರು ಬಟ್ಟಲನ್ನೇ ನೋಡ್ತಾ ಕೂತಿದಾರೆ!"

ರುದೈನಾ ತಾರಸಿಯ ಅಂಚಿನಿಂದ ಬಗ್ಗಿದಳು. ಇಡೀ ಬೀದಿಗೆ ಕೇಳಿಸುವಂತೆ, ಕಾಗೆಯ ಹಾಗೆಯೇ ಅರಚಿದಳು.

"ಕುಡೀಲಿ ಅಪ್ಪಾ! ಆದ್ರೆ ಅದನ್ನ ಚೆಲ್ಲಿ, ಬಿಸಿ ಕಾಫಿ ಕೊಡಿ!"

ಹಿಂದೆ ನಿಂತವನು ಕಣ್ಣು ಮುಚ್ಚಿ ಆ ದನಿಯನ್ನು ಕೇಳಿಸಿಕೊಂಡ. "ಜೇನು," ಎಂದ.

"ಸುಳ್ಳುಗಾರ," ಎಂದು ಅವಳು ಅವನ ಒದ್ದೆ ಕೈ ಹಿಡಿದುಕೊಂಡಳು.