ಬಂಡೆಗಂಟೆಯ ಪರಾಗ

ಗಾಜಿನ ಮನೆಯಲ್ಲಿ ಬಂಡೆಗಂಟೆ ಕೊನೆಗೂ ಅರಳಿತ್ತು. ಆದರೆ ಬುಡ ಕೊಳೆಯತೊಡಗಿದ್ದ ಆ ಪೊದೆ ಮತ್ತೆ ಹೂ ಬಿಡುವ ಹಾಗಿರಲಿಲ್ಲ. ತನ್ನದೇ ಪರಾಗದಿಂದ ಕಾಯಿ ಕಟ್ಟದ ಮೊಂಡು ಜಾತಿ ಬೇರೆ. ಮರುದಿನ ಸಂಜೆ ಹೂ ಬಾಡುವುದರೊಳಗೆ ಇನ್ನೊಂದು ಗಿಡದ ಪರಾಗ ಬರದಿದ್ದರೆ, ತೋಟಗಾರ್ತಿ ಮಗುವಿನಂತೆ ಸಾಕಿದ ಗಿಡ ಬೀಜವಿಲ್ಲದೆ ಮುಗಿದುಹೋಗುತ್ತಿತ್ತು.

ಆ ಇನ್ನೊಂದು ಗಿಡ ಇದ್ದದ್ದು ಬೆಟ್ಟದ ನೆತ್ತಿಯ ಕಡಿದಾದ ಬಂಡೆಯಲ್ಲಿ. ಅದಕ್ಕೇ ಅವಳು ತಂಗಿಯನ್ನು ಕರೆದಳು. ತಂಗಿ ಹಗ್ಗಕ್ಕೆ ಜೋತುಬಿದ್ದು ಎತ್ತರದ ಕಟ್ಟಡಗಳ ಗಾಜು ಒರೆಸುವವಳು. ಹಗ್ಗ ಹಿಡಿಯಲು ತೋಟಗಾರ್ತಿಯ ಗಂಡ, ಬಸ್ ಡ್ರೈವರು, ರಜೆ ಹಾಕಿ ಹೊರಟ.

ಮರುದಿನ ನಸುಕಿಗೇ ಹತ್ತತೊಡಗಿದರು. ಮೇಲೇರಿದಂತೆ ಮರಗಳು ಗಿಡ್ಡವಾದವು, ಆಮೇಲೆ ಮೊಣಕಾಲೆತ್ತರದ ಪೊದೆಗಳು, ಕೊನೆಗೆ ಬರೀ ಬಂಡೆ. ಅದರ ಬಿರುಕುಗಳಲ್ಲಿ ಬೊಗಸೆಯಷ್ಟೇ ಮಣ್ಣು. ಹಾಯ್ದುಹೋಗುವ ಮಂಜಿನಿಂದ ಹಾವಸೆ ನೀರು ಹೀರಿ, ಕೆಳಗಿನ ಬೇರುಗಳಿಗೆ ಹನಿಹನಿಯಾಗಿ ಇಳಿಸುತ್ತಿತ್ತು. ಅಂಚಿನ ಕೆಳಗೆ ಬಂಡೆಗಂಟೆಯ ನೇರಳೆ ಹೂಗಳು ಅಲ್ಲಾಡುತ್ತಿದ್ದವು.

"ಇಷ್ಟೇ ಮಣ್ಣಲ್ಲಿ ಬದುಕುತ್ತಾ! ನಾನು ಗೊಬ್ಬರ ಸುರಿದೂ ಸುರಿದೂ ಕೊಳೆಸಿಬಿಟ್ಟೆ," ಎಂದಳು ತೋಟಗಾರ್ತಿ.

"ಭಾವ, ನಿದ್ದೆ ಮಾಡ್ಬೇಡಿ ಮತ್ತೆ," ಎಂದಳು ತಂಗಿ, ಹಗ್ಗವನ್ನು ಸೊಂಟಕ್ಕೆ ಬಿಗಿಯುತ್ತಾ.

"ಸ್ಟೇರಿಂಗ್ ಹಿಡಿದ ಕೈ ಇದು. ಸುಮ್ನೆ ಇಳಿಯಮ್ಮ."

ತಂಗಿ ಇಳಿದಳು. ಅರಳಿದ್ದು ಮೂರೇ ಹೂ. ಬ್ರಷ್ಷಿನಿಂದ ಪರಾಗವನ್ನು ಶೀಶೆಗೆ ಉದುರಿಸಿದಳು, ಬ್ರಷ್ಷನ್ನು ಸೊಂಟಕ್ಕೆ ಸಿಕ್ಕಿಸಿಕೊಂಡಿದ್ದ ಗಾಜೊರೆಸುವ ಬಟ್ಟೆಗೆ ಒರೆಸಿದಳು. ಮತ್ತೆ ಉದುರಿಸಿದಳು, ಮತ್ತೆ ಒರೆಸಿದಳು.

"ಒರೆಸ್ತೀಯಲ್ಲೇ!" ಮೇಲಿನಿಂದ ಅಕ್ಕ ಕೂಗಿದಳು. "ಅರ್ಧ ಪರಾಗ ಆ ಚಿಂದಿಗೇ ಹೋಯ್ತು!"

"ಕೈ ಅಭ್ಯಾಸ ಅಕ್ಕ! ಗಾಜಿನ ಮೇಲೆ ಬ್ರಷ್ ಒಂದ್ಸಲ ಎಳೆದ್ರೆ ಅದನ್ನ ಒಂದ್ಸಲ ಒರೆಸ್ಲೇಬೇಕು!"

ಕಾಲಡಿಯ ಕಲ್ಲು ಕಳಚಿತು.

ಅವಳು ಗಿರ್ರನೆ ತಿರುಗಿ ಬಂಡೆಗೆ ಬಡಿದಳು. ಭುಜ ತರಚಿತು. ಹಗ್ಗ ಬಿಗಿಯಿತು.

ಶೀಶೆ ಜಾರಿತು. ಠಣ್. ಇನ್ನೊಮ್ಮೆ ಠಣ್. ಆಮೇಲೆ ಸದ್ದಿಲ್ಲ.

"ಎಳೀರಿ ಮೇಲಕ್ಕೆ! ಹೂ ಹಾಳಾಗ್ಲಿ, ಮೊದ್ಲು ಅವಳು ಬರ್ಲಿ!" ಎಂದು ತೋಟಗಾರ್ತಿ ಅರಚಿದಳು.

ಮೇಲೆ ಬಂದ ತಂಗಿ ಬಿಕ್ಕಿದಳು. "ಎಲ್ಲಾ ಕಳೆದ್ಬಿಟ್ಟೆ ಅಕ್ಕ. ಉಳಿದಿರೋದು ಬರೀ ಮೊಗ್ಗು."

ಅಕ್ಕನಿಗೂ ಅಳು ಒತ್ತರಿಸಿ ಬಂತು. ಆದರೂ ತಂಗಿಯ ಸೊಂಟದ ಬಟ್ಟೆ ಸೆಳೆದು ಭುಜದ ರಕ್ತ ಒರೆಸಲು ಹೋದಳು. ಗಂಡ ಗಪ್ಪನೆ ಕೈ ಹಿಡಿದ.

"ತಡಿ ಮಾರಾಯ್ತಿ! ಆ ಬಟ್ಟೆ ನೋಡು."

ಒಣ ಬಟ್ಟೆಯ ಮೇಲೆ ಹಳದಿ ಗೆರೆಗಳು.

"ಅರ್ಧ ಪರಾಗ ಚಿಂದಿಗೆ ಹೋಯ್ತು ಅಂತ ಬೈದೋಳು ನೀನೇ ಅಲ್ವಾ?"

ಮೂವರೂ ಒಮ್ಮೆಲೇ ನಕ್ಕರು. ಅವನು ತನ್ನ ಬುತ್ತಿಡಬ್ಬಿ ಬರಿದು ಮಾಡಿ, ಒಣಗಿಸಿ, ಬಟ್ಟೆ ಮಡಿಸಿ ಇಟ್ಟ. ಇಳಿಯುವಾಗ ಮಂಜು ಕವಿದು ಎಲ್ಲರೂ ತೊಪ್ಪೆಯಾದರು. ಅಂಗಿಯೊಳಗಿನ ಡಬ್ಬಿಗೆ ಮಾತ್ರ ಒಂದು ಹನಿ ತಾಗಲಿಲ್ಲ.

ಹೊತ್ತು ಮುಳುಗುವ ಮೊದಲು ಗಾಜಿನ ಮನೆ ಸೇರಿದರು. ತಂಗಿ ಬಟ್ಟೆಯ ಹಳದಿ ತುದಿಯನ್ನು ಹೂವಿಗೆ ಮೆಲ್ಲಗೆ ಮುಟ್ಟಿಸಿದಳು.

"ಒರೆಸೇ," ಎಂದಳು ಅಕ್ಕ. "ಈಗ ಎಷ್ಟು ಬೇಕಾದ್ರೂ ಒರೆಸು."

ಹೂಗಳು ಉದುರಿದವು. ಆದರೆ ತೊಟ್ಟುಗಳು ಉದುರಲಿಲ್ಲ. ಒಂದು ಬೆಳಿಗ್ಗೆ ಎತ್ತರದ ಗಾಜಿನ ಮುಂದೆ ತೂಗುತ್ತಿದ್ದ ತಂಗಿಯ ಫೋನು ಬಡಿದುಕೊಂಡಿತು.

"ಕಾಯಿ ಕಚ್ತು ಕಣೇ," ಎಂದಳು ಅಕ್ಕ. "ಬರ್ತಾ ಬೀಜ ಹಾಕೋಕೆ ಬಿರುಕು ಬಿಟ್ಟಿರೋ ಕಲ್ಲು ಸಿಕ್ಕಿದ್ರೆ ತಗೊಂಡು ಬಾ. ಈ ಸಲ ಗೊಬ್ಬರ ಇಲ್ಲ."